ಬೆಳ್ಳಿ ಡಬ್ಬಿಯ ಕರಿ ಬಿಲ್ಲೆ

ನಮ್ಮ ಮನ್ಯಾಗ ಕೆಟ್ಟವರು ಯಾರೂ ಇಲ್ಲ. ಇದನ್ನ ಮೊದಲ ಹೇಳಿಬಿಡತೇನಿ, ಯಾಕಂದ್ರ ಈ ಸುದ್ದಿ ಕೇಳಿದವರೆಲ್ಲಾ ತಪ್ಪು ಯಾರದು ಅಂತ ಕೇಳತಾರ. ಕೇಳಿ ನನ್ನ ಮಾರಿ ನೋಡತಾರ. ನನಗ ಮೈಯೆಲ್ಲಾ ಉರೀತದ. ಎಂಟು ವರ್ಷದ ಮಗಳು ಕಾಲು ಎತ್ತಲಿಕ್ಕೆ ಬರಲಾರದ ಮಲಗಿದಾಗ ತಪ್ಪು ಯಾರದರೆ ಇರಲಿ, ಹುಡುಗಿ ಉಳದ್ರ ಸಾಕು ಅಂತ ಅನಸತದ. ಉಳದ ಮ್ಯಾಲೆ ಮಾತ್ರ ಹಂಗ ಅನಸೂದಿಲ್ಲ.

ನಾವಿರೋದು ಬೈಲಹೊಂಗಲದಾಗ. ನಾನು ಪದ್ಮಜಾ. ಗಂಡ ಸಮೀರ ಸವದತ್ತಿ ಕಡೆ ಒಂದು ಕರೆಂಟಿನ ಸ್ಟೇಷನ್ನಿನ್ಯಾಗ ಆಪರೇಟರ್, ಮುಂಜಾನೆ ಐದೂವರಿ ಬಸ್ಸಿಗೆ ಬರೇ ಚಹಾ ಕುಡದು ಓಡತಾರ. ಮಗಳು ಶರ್ವರಿ, ಮೂರನೇ ಇಯತ್ತೆ. ಮಾವನೋರು ಬಾಳಕೃಷ್ಣ, ಕಿತ್ತೂರ ಕಡೆ ಒಂದು ಕಾಲೇಜಿನ್ಯಾಗ ಮೂವತ್ತು ವರ್ಷ ಫಿಜಿಕ್ಸ್ ಕಲಿಸಿ ರಿಟೈರ್ ಆದವರು. ಅತ್ತಿಯವರು ಇಂದಿರಾಬಾಯಿ, ಅವರು ಎಲ್ಲಿಂದಲೂ ರಿಟೈರ್ ಆಗಿಲ್ಲ. ನಸಿಕಿನ್ಯಾಗ ಎದ್ದು ಒದ್ದಿ ಸೀರಿ ಉಟ್ಟು ಮಡಿಲೆ ದೇವರ ಮನಿ ಸೇರಿದ್ರ ಎಂಟರ ತನಕ ಯಾರೂ ಅವರನ್ನ ಮುಟ್ಟೂಹಂಗಿಲ್ಲ.

ಮಾವನೋರ ಅಪ್ಪ ರಾಮದುರ್ಗದಾಗ ವೈದಿಕ ಮಾಡತಿದ್ರು. ದೊಡ್ಡ ಮಗ ಮಂತ್ರ ಕಲತ, ಸಣ್ಣಾಂವ ಕರೆಂಟಿನ ಹಿಂದ ಬಿದ್ದ ಅಂತ ಅವರಿಗೆ ಕಡೀತನಕ ಬ್ಯಾಸರ ಇತ್ತಂತ. ಕರೆಂಟು ಅಂದ್ರ ನಮ್ಮ ಮಿಕ್ಸರಿನ ಕರೆಂಟಲ್ಲ. ಕೆಲವು ವಸ್ತುಗಳನ್ನ ಭಾಳ ಭಾಳ ತಂಪು ಮಾಡಿದ್ರ ಅದರೊಳಗ ಕರೆಂಟು ಒಂಚೂರೂ ಸೋರದ, ಬಿಸಿ ಆಗದ ಹರೀತಾನ ಇರತದಂತ. ಅತಿವಾಹಕತೆ ಅಂತಾರ ಅದಕ್ಕ. ನಮ್ಮ ಮಾವನೋರ ಪೂರಾ ಜನ್ಮ ಅದಕ್ಕ ಮುಡಿಪು. ಹಂಥಾ ತಂತಿ ಕಂಬದ ಮ್ಯಾಲೆ ಬಂದ್ರ ನನ್ನ ನೌಕರಿ ಹೋಗತದಪ್ಪಾ ಅಂತ ನಮ್ಮವರು ಕಾಡತಿದ್ರು, ಅವರು ನಗತಿದ್ರು.

ಎಂಬತ್ತೇಳನೇ ಇಸವಿಯೊಳಗ, ಹೊಸಾ ನಮೂನಿ ಕರೀ ಬಿಲ್ಲೆ ಬಂದಾವ, ಅಷ್ಟೇನೂ ತಂಪು ಬೇಕಿಲ್ಲ, ದ್ರವ ನೈಟ್ರೋಜನ್ ಇದ್ರ ಸಾಕು ಅಂತ ಓದಿದ್ದ ತಡ, ಮಾವನೋರು ಕಾಲೇಜಿನ ಸಣ್ಣ ಭಟ್ಟಿಯೊಳಗ ತಾವೂ ಸುಟ್ಟರು. ಮೂರು ಪುಡಿ ಕಲಸೋದು, ಒತ್ತೋದು, ಒಂದು ದಿನ ಸುಡೋದು. ಹನ್ನೆರಡು ಬಿಲ್ಲೆ ಕೆಟ್ಟವು. ಹದಿಮೂರನೇದು ಸರಿ ಬಂತು. ನೈಟ್ರೋಜನ್ ಎಲ್ಲೆ ಸಿಗಬೇಕು? ದನದ ದವಾಖಾನ್ಯಾಗ ಹೋರಿ ಬೀಜ ಕಾಯ್ದಿಡಲಿಕ್ಕೆ ಅದನ್ನ ಇಟ್ಟಿರತಾರ. ಅಲ್ಲಿಂದ ಕ್ಯಾನಿನ್ಯಾಗ ಇಸಗೊಂಡು ಬಸ್ಸಿನ್ಯಾಗ ತೊಡಿ ಮ್ಯಾಲೆ ಇಟ್ಟುಕೊಂಡು ಬಂದ್ರಂತ. ಹುಡುಗರ ಎದುರಿಗೆ ಸುರದಾಗ ಬಿಲ್ಲೆ ಮ್ಯಾಲೆ ಇಟ್ಟ ಅಯಸ್ಕಾಂತ ಒಂದು ಕಡ್ಲಿಕಾಳಿನಷ್ಟು ಮ್ಯಾಲೆದ್ದು ಗಾಳ್ಯಾಗ ನಿಂತಿತು. ದವಾಖಾನಿ ಸಿಪಾಯಿ ಕ್ಯಾನು ವಾಪಸ್ ಒಯ್ಯಲಿಕ್ಕೆ ಬಂದಾಂವ ಚಪ್ಪಲಿ ಬಿಟ್ಟು ಕೈ ಮುಗದನಂತ. ಆಮ್ಯಾಲೆ ಅವರು ಎರಡು ಪ್ರಬಂಧ ಬರದ್ರು, ಕನ್ನಡ ಪೇಪರಿಗೆ ಎಷ್ಟೋ ಲೇಖನ ಬರದ್ರು. ಈಗ ಎಪ್ಪತ್ತೆಂಟನೇ ವಯಸ್ಸಿನ್ಯಾಗ ಎಲ್ಲಾ ಕೂಡಿಸಿ ಒಂದು ಪುಸ್ತಕ. ಎರಡೂ ಕಣ್ಣಿಗೆ ಪೊರೆ ಬಂದದ, ದಸರಾ ಆದ ಮ್ಯಾಲೆ ಆಪರೇಶನ್ನು. ಅದಕ್ಕ ಅವರು ಹೇಳೋದು, ನಾನು ಲ್ಯಾಪ್‌ಟಾಪಿನ ಮ್ಯಾಲೆ ಟೈಪ್ ಮಾಡೋದು. ದಿನಾ ಹನ್ನೊಂದಕ್ಕ, ಬಟ್ಟಿ ಒಗ್ಯಾಣ ಮುಗದ ಮ್ಯಾಲೆ.

ಆಷಾಢದ ಕಡೀಕ ಮಳಿ ಜೋರು ಹಿಡೀತು. ಮಾವನೋರ ಕಪಾಟಿನ ಮ್ಯಾಲೆ ಸೋರಿ ಕಾಗದೆಲ್ಲಾ ತೊಯ್ದವು. ಅತ್ತಿಯವರು ಒಂದೊಂದ ತಗದು ಹೊರಸಿನ ಮ್ಯಾಲೆ ಒಣಗಿಸಲಿಕ್ಕೆ ಹತ್ತಿದಾಗ ಹಿಂದ ಒಂದು ಬೆಳ್ಳಿ ಡಬ್ಬಿ ಸಿಕ್ಕಿತು. ಆ ಡಬ್ಬಿ ಅವರಿಗೆ ಗುರ್ತಿತ್ತು. ಅವರ ಮಾವ, ಅಂದ್ರ ರಾಮದುರ್ಗದ ಅಜ್ಜ, ಬದುಕಿದ್ದಾಗ ಸಾಲಿಗ್ರಾಮ ಇಡತಿದ್ದ ಡಬ್ಬಿ. ಮನಿ ಪಾಲಾದಾಗ ಮಾವನೋರ ಅಣ್ಣ ದೇವರನ್ನೆಲ್ಲಾ ರಾಮದುರ್ಗದಾಗ ಇಟಗೊಂಡ್ರು. ಬ್ರಾಹ್ಮಣರ ಮನ್ಯಾಗ ಒಂದು ಸಾಲಿಗ್ರಾಮ ಇಲ್ಲಂತ ಅತ್ತಿಯವರು ಮೂವತ್ತೈದು ವರ್ಷ ಮನಸಿನ್ಯಾಗ ಕೊರಗ್ಯಾರ. ಈಗ ಮುಚ್ಚಳ ತಗದು ನೋಡಿದ್ರ ಹತ್ತ್ಯಾಗ ಸುತ್ತಿದ ಕರೇ ಕಲ್ಲು, ಧಾರವಾಡ ಪೇಢೆಯಷ್ಟು, ಅಂಚೆಲ್ಲಾ ನುಣ್ಣಗ.

ಅದನ್ನ ಹಿಡಕೊಂಡು ಬಂದ್ರು. ಮಾವನೋರು ಭೂತಗನ್ನಡಿ ಹಿಡದು ಒಂದು ಹಳೇ ಪ್ರಬಂಧದ ಲೆಕ್ಕ ಹುಡುಕಲಿಕ್ಕೆ ಹತ್ತಿದ್ರು. ನಾನು ಎದುರಿಗೇ ಕೂತಿದ್ದೆ.

"ಏನಂತೀನ್ರಿ, ಈ ಡಬ್ಬಿ ನಿಮ್ಮಪ್ಪಾರದಲ್ಲಾ?"

"ಹೂಂ."

"ಒಳಗಿಂದೂ?"

"ಹೂಂ. ಜ್ವಾಕಿಲೆ ಇಡು ಮಾರಾಯ್ತಿ. ಅಂಥಾದ್ದು ಮತ್ತ ಸಿಗೂದಿಲ್ಲ."

ತಲಿ ಎತ್ತಲಿಲ್ಲ. ಪೊರೆ ಬಂದ ಕಣ್ಣು, ಎತ್ತಿದ್ರೂ ಕಾಣತಿತ್ತೋ ಇಲ್ಲೋ. ಅತ್ತಿಯವರ ಕಣ್ಣಾಗ ಮಾತ್ರ ನೀರು ಬಂತು. ದೇವರನ್ನ ನಂಬದ ಗಂಡ ಅಪ್ಪನ ಸಾಲಿಗ್ರಾಮ ಇಷ್ಟು ವರ್ಷ ಬಚ್ಚಿಟ್ಟು ಕಾಯ್ದಾನ ಅಂತ ತಿಳಕೊಂಡ್ರು. ನಾನೂ ಹಂಗ ತಿಳಕೊಂಡೆ. ಒಂದು ಮಾತು ಬಿಡಿಸಿ ಕೇಳಬಹುದಿತ್ತು ನಾನು. ಕೇಳಲಿಲ್ಲ, ನನಗ ಅವತ್ತು ಇನ್ನೂ ಎರಡು ಪುಟ ಟೈಪ್ ಮಾಡೋದಿತ್ತು.

ಶ್ರಾವಣ ಹತ್ತಿತು. ಸಾಲಿಗ್ರಾಮಕ್ಕ ಗಂಡಸರ ಅಭಿಷೇಕ ಮಾಡಬೇಕು, ಹೆಂಗಸರು ಮುಟ್ಟಬಾರದು ಅಂತ ನಮ್ಮಲ್ಲಿ ಪದ್ಧತಿ. ಅತ್ತಿಯವರು ಗಂಡನ್ನ ಪೂಜಾಕ್ಕ ಕೂಡ್ರಿ ಅಂತಷ್ಟ ಕೇಳಿದ್ರು, ನನಗ ಸಂಧ್ಯಾವಂದನಿನ ಮರತುಹೋಗೇದ, ಪೂಜಿ ಗೀಜಿಗೆ ಕರೀಬ್ಯಾಡ ಅಂತ ಅವರು ನಕ್ಕು ಬಿಟ್ರು. ಮಗ ಮುಂಜಾನೆ ಮನ್ಯಾಗ ಇರೂದಿಲ್ಲ. ಕಡೀಕ ಅತ್ತಿಯವರು ತಾವ ಕೈಯಿಟ್ರು. ಹಾಲು, ಮೊಸರು, ತುಪ್ಪ, ಜೇನತುಪ್ಪ, ಸಕ್ಕರಿ, ಆಮ್ಯಾಲೆ ನೀರು. ಎಲ್ಲಾ ಒಂದು ಬಟ್ಟಲದಾಗ ಹಿಡದು ಊಟಕ್ಕ ಮೊದಲ ಮೂರು ಸಲ ತೀರ್ಥ. ಮಾವನೋರು ತೊಗೊಳ್ಳೂದಿಲ್ಲ, ದೇವರ ಮನಿಗೆ ಹೋಗೂದೂ ಇಲ್ಲ. ನಾನೊಂದು ಉದ್ಧರಣಿ, ಅತ್ತಿಯವರೊಂದು ಉದ್ಧರಣಿ. ಉಳದದ್ದೆಲ್ಲಾ ಶರ್ವರಿಗೆ. ಬಾಳಿಹಣ್ಣು ಕಿವುಚಿ ಹಾಕಿರತಾರ, ಸಿಹಿ ಇರತದ, ಆಕಿ ಬಟ್ಟಲಾನ ನೆಕ್ಕತಿದ್ಲು.

ಎಂಟು ದಿನದ ಮ್ಯಾಲೆ ಆಕಿಗೆ ಹೊಟ್ಟಿ ಮುರೀಲಿಕ್ಕೆ ಹತ್ತಿತು. ಸಾಲಿಯಿಂದ ಎರಡು ಸಲ ಫೋನ್ ಬಂತು, ವಾಂತಿ ಮಾಡ್ಯಾಳ ಅಂತ. ಬಾಜಾರದಾಗ ಪಾನಿಪುರಿ ತಿನಿಸಿರಬೇಕು ನೀವು ಅಂತ ಗಂಡನ ಜೋಡಿ ಜಗಳಾಡಿದೆ. ಅವರು ಇಲ್ಲಂದ್ರು, ನಾ ನಂಬಲಿಲ್ಲ. ಓಮಕಾಳು ಕೊಟ್ಟೆ, ಮಜ್ಜಿಗಿ ಕೊಟ್ಟೆ. ಒಂದಿನ "ಅಮ್ಮಾ, ತುಟಿ ಜುಮು ಜುಮು ಅಂತಾವ" ಅಂದ್ಲು. ಮೆಣಸಿನಕಾಯಿ ಕಡಿದಿರಬೇಕು ಬಿಡು ಅಂದೆ. ಮರುದಿನ ಪಾಯಖಾನಿಗೆ ಹೋಗಿ ಕುಕ್ಕರಗಾಲಿಲೆ ಕೂತಾಕಿಗೆ ಮ್ಯಾಲೆ ಏಳಲಿಕ್ಕೆ ಬರಲಿಲ್ಲ. ಒಳಗಿಂದ ಕೂಗಿದ್ಲು. ಹೋಗಿ ಎತ್ತಿದೆ, ಕಾಲು ನೆಲಕ್ಕ ಊರಲೇ ಇಲ್ಲ. 

ಡಾಕ್ಟರ್ ಕಾಂತೇಶ ನಮ್ಮೂರವರ, ಮಾವನೋರ ಕೈಯಾಗ ಕಲತವರು. ರಕ್ತ ಪರೀಕ್ಷೆ ಮಾಡಿಸಿ, ಮೈಯಾಗ ಪೊಟ್ಯಾಶಿಯಂ ಅನ್ನೋ ಲವಣ ಭಾಳ ಇಳದದ, ಯಾಕ ಇಳದದ ತಿಳೀವಲ್ದು ಅಂದ್ರು. ಸಲೈನ್ ಹಚ್ಚಿದ್ರು. ಎರಡು ದಿನದಾಗ ಹುಡುಗಿ ಎದ್ದು ಓಡ್ಯಾಡಿದ್ಲು. ಮನಿಗೆ ಕರಕೊಂಡು ಬಂದ್ವಿ. ಐದನೇ ದಿನಕ್ಕ ಮತ್ತ ಹೊಟ್ಟಿ, ಮತ್ತ ವಾಂತಿ, ಮತ್ತ ಕಾಲು. ಮತ್ತ ಸಲೈನ್, ಮನ್ಯಾಗ ದಿನಾ ಕುಡಿಸಲಿಕ್ಕೆ ಪೊಟ್ಯಾಶಿಯಂ ಔಷಧ.

ಆಗ ನನಗ ಹೆದರಿಕಿ ಹೊಕ್ಕಿತು. ದವಾಖಾನ್ಯಾಗ ಆರಾಮ, ಮನ್ಯಾಗ ಬ್ಯಾನಿ. ಅಂದ್ರ ಈ ಮನ್ಯಾಗ ಏನೋ ಅದ. ಟಾಕಿ ಖಾಲಿ ಮಾಡಿ ತಿಕ್ಕಿಸಿದೆ, ಫಿಲ್ಟರ್ ಹೊಸಾದು ತರಿಸಿದೆ. ಎಣ್ಣಿ ಚೆಲ್ಲಿದೆ. ಜ್ವಾಳದ ಹಿಟ್ಟಿನ ಡಬ್ಬಿ ಪೂರಾ ದನಕ್ಕ ಹಾಕಲಿಕ್ಕೆ ಹೊಂಟೆ, ದನಕ್ಕೇನರೆ ಆದ್ರ ಅಂತ ಅಂಜಿ ತಿಪ್ಪಿಗೆ ಸುರದೆ. ಎದುರು ಮನಿ ಕೃಷ್ಣವ್ವನ ಎಮ್ಮಿ ಹಾಲು ಬಿಡಿಸಿ ಪ್ಯಾಕೆಟ್ ಹಾಲು ಹಿಡದೆ. ಆಕಿ ಮಾರಿ ಸಣ್ಣ ಮಾಡಕೊಂಡ್ಲು. ಅತ್ತಿಯವರಿಗೆ ತಡಕೊಳ್ಳಲಿಕ್ಕೆ ಆಗಲಿಲ್ಲ.

"ಪದ್ಮಾ, ನಮ್ಮ ಮನಿ ಅನ್ನದಾಗ ವಿಷ ಅದ ಅಂತೀ ಏನು?"

"ಎಲ್ಲೋ ಅದ ಅತ್ಯಾ. ಅನ್ನದಾಗೋ, ನೀರಿನ್ಯಾಗೋ. ಎಲ್ಲೋ ಅದ."

"ಐವತ್ತು ವರ್ಷ ಈ ಕೈಲೆ ಬಡಸೇನಿ. ಯಾರೂ ಸತ್ತಿಲ್ಲ."

ಅವತ್ತು ಅವರು ಊಟ ಬಿಟ್ರು. ನಾನೂ ಕರೀಲಿಲ್ಲ. ಮಾವನೋರು ಒಬ್ಬರ ಕೂತು ಮಜ್ಜಿಗಿ ಅನ್ನ ಕಲಸಿಕೊಂಡು, ಉಪ್ಪು ಎಲ್ಲದ ಅಂತ ಯಾರನ್ನೂ ಕೇಳದ ಸಪ್ಪಗ ಉಂಡು ಎದ್ರು.

ಈ ನಡುವ ದೇವರ ಮನ್ಯಾಗ ಇನ್ನೊಂದು ಸುದ್ದಿ. ಕಲ್ಲಿನ ಮ್ಯಾಲೆ ಬಿಳೀ ಗೆರಿ ಮೂಡ್ಯಾವ ಅಂತ ಅತ್ತಿಯವರು ನನ್ನ ಕರದು ತೋರಿಸಿದ್ರು. ದುಂಡಗ, ಒಂದರೊಳಗೊಂದು. ಚಕ್ರ ಮೂಡೇದ ಅಂದ್ರು. ಕೃಷ್ಣವ್ವ ಬಂದು ಕೈ ಮುಗದು, ಮೊಣಕಾಲ ಬ್ಯಾನಿಗೆ ಅಂತ ಒಂದು ಬಾಟಲಿ ತೀರ್ಥ ಇಸಗೊಂಡು ಹೋದ್ಲು. ಹಾಲು ಬಿಡಿಸಿದ ಸಿಟ್ಟು ಅದರಾಗ ಇಳೀತು ಅಂತ ನನಗ ಸಮಾಧಾನ ಆಗಿತ್ತು.

ವಾರ ಕಳದಿರಬೇಕು. ಹೂವು ಕೊಡಲಿಕ್ಕೆ ಹೋದಾಗ ಅತ್ತಿಯವರು ದೇವರ ಮುಂದ ಕೂತು ಅಳಲಿಕ್ಕೆ ಹತ್ತಿದ್ರು. ಎರಡೂ ಅಂಗೈ ಕರ್ರಗಾಗಿದ್ದವು.

"ಮುಟ್ಟಬ್ಯಾಡ, ಮಡಿ ಅದೇನಿ," ಅಂದ್ರು. ಆಮ್ಯಾಲೆ, "ಕಲ್ಲು ಸವೀಲಿಕ್ಕೆ ಹತ್ತೇದ ಪದ್ಮಾ. ಪೇಢೆಯಷ್ಟಿತ್ತು. ನೋಡು, ಅರ್ಧಾ ಆಗೇದ. ತೊಳದಷ್ಟೂ ಕೈಗೆ ಕರೇದು ಹತ್ತತದ. ಸಾಲಿಗ್ರಾಮ ಎಲ್ಲೆರೆ ಸವೀತದೇನು? ನಾ ಹೆಂಗಸು ಮುಟ್ಟಿದ್ದಕ್ಕ. ಅದಕ್ಕ ಹುಡುಗಿ ಮ್ಯಾಲೆ ಬಂದದ."

ನಾನು ಅಷ್ಟೇನೂ ದೇವರು ದಿಂಡರು ಅನ್ನಾಕಿ ಅಲ್ಲ. ಆದ್ರ ಹೆದರಿದ ಮನಸು ಯಾವುದನ್ನ ಕೊಟ್ರೂ ಹಿಡಕೋತದ. ಏನು ಮಾಡಬೇಕಂತ ಕೇಳಿದೆ. ದೇಗಾಂವದ ಗುಡಿಗೆ ಹೋಗಿ ಕಮಲನಾರಾಯಣನ ಮುಂದ ತಪ್ಪೊಪ್ಪಕೊಂಡು ಬರೋಣು, ಅಲ್ಲೀತನಕ ದಿನಾ ಎರಡು ಹೊತ್ತು ಅಭಿಷೇಕ ಮಾಡತೇನಿ, ತೀರ್ಥ ಪೂರಾ ಹುಡುಗಿಗೇ ಕೊಡೋಣು ಅಂದ್ರು. ಕೊಡ್ರಿ ಅಂದೆ. ಶರ್ವರಿ ಒಲ್ಲೆ ಅಂದ್ಲು, ಈಗೀಗ ಕಹಿ ಆಗೇದ ಅಜ್ಜಿ ಅಂದ್ಲು. ಅತ್ತಿಯವರು ಇನ್ನೊಂದು ಚಮಚೆ ಸಕ್ಕರಿ ಹಾಕಿದ್ರು. ನಾನು ಗದ್ದ ಹಿಡದು ಕುಡಿಸಿದೆ. ಒಂದು ಸಲ ಅಲ್ಲ, ಮೂರು ದಿನ, ಎರಡು ಹೊತ್ತು. ಇದನ್ನ ನಾ ಡಾಕ್ಟರಿಗೂ ಹೇಳೇನಿ, ಗಂಡಗೂ ಹೇಳೇನಿ. ಹೇಳಿದ್ರ ಹಗುರ ಆಗತದ ಅಂತಾರ, ಆಗಿಲ್ಲ.

ನಾಕನೇ ದಿನ ಹುಡುಗಿ ತಾನ ಎದ್ದು ಕೂತು ಎರಡು ದ್ವಾಸಿ ತಿಂದ್ಲು. ನನಗೂ ಜರಾ ಧೈರ್ಯ ಬಂತು. ಎಂಟು ದಿನದಿಂದ ನಿಂತಿದ್ದ ಟೈಪಿಂಗಿಗೆ ಮಾವನೋರ ಮುಂದ ಕೂತೆ. ಮಧ್ಯಾಹ್ನದ ಪೂಜಾ ನಡದಿತ್ತು, ಒಳಗ ಗಂಟಿ ಸಪ್ಪಳ ಕೇಳತಿತ್ತು. ಅವರು ಕಣ್ಣು ಮುಚ್ಚಿ, ಕ್ಲಾಸಿನ್ಯಾಗ ಹೇಳೂಹಂಗ ಸಾವಕಾಶ ಹೇಳತಾ ಹೋದ್ರು.

"ಬರಿ. ಈ ಬಿಲ್ಲೆಗಳಿಗೆ ನೀರೇ ದೊಡ್ಡ ವೈರಿ. ನೀರು ತಾಗಿದರೆ ವಸ್ತು ಒಡೆಯುತ್ತದೆ. ಮೈಮೇಲೆ ಬಿಳಿ ಪೊರೆ ಮೂಡುತ್ತದೆ. ಮುಟ್ಟಿದರೆ ಕೈಗೆ ಕರಿ ಹತ್ತುತ್ತದೆ. ಮೊಸರು, ನಿಂಬೆಹುಳಿಯಂಥದು ತಾಗಿದರೆ ಇನ್ನೂ ಬೇಗ ಕರಗುತ್ತದೆ. ಒಳಗಿನ ಬೇರಿಯಂ ನೀರಿಗೆ ಇಳಿಯುತ್ತದೆ. ಆ ನೀರು ಹೊಟ್ಟೆಗೆ ಹೋಗಬಾರದು. ಬೇರಿಯಮ್ಮಿನ ಪುಡಿಯನ್ನು ಇಲಿ ಪಾಷಾಣಕ್ಕೆ..."

ನನ್ನ ಬೆರಳು 'ಬಿಳಿ ಪೊರೆ' ಹತ್ತರನ ನಿಂತಿದ್ದವು.

"ಮಾವನೋರ, ನಿಮ್ಮ ಬಿಲ್ಲೆ ಈಗ ಎಲ್ಲದರಿ?"

"ಕಪಾಟಿನ್ಯಾಗ. ನಮ್ಮಪ್ಪನ ಬೆಳ್ಳಿ ಡಬ್ಬ್ಯಾಗ, ಪಾಲಿನ್ಯಾಗ ನನಗ ಖಾಲಿ ಬಂದಿತ್ತಲ್ಲ ಅದು. ಅದರ ಮುಚ್ಚಳ ಭಾಳ ಬಿಗಿ, ಹಸಿ ಹೋಗೂದಿಲ್ಲ. ಯಾಕ?"

ಎದ್ದು ಓಡಿದೆ. ಮಡಿ ಗಿಡಿ ನೋಡಲಿಲ್ಲ, ದೇವರ ಮನಿ ಹೊಸ್ತಿಲ ದಾಟಿ ಒಳಗ ಹೋದೆ. ಶರ್ವರಿ ಅಜ್ಜಿ ಮುಂದ ಚಕ್ಕಳಮಕ್ಕಳ ಹಾಕಿ ಕೂತಿದ್ಲು. ಮುಂಗೈಲೆ ಬಾಯಿ ಒರಸಕೊಳ್ಳಲಿಕ್ಕೆ ಹತ್ತಿದ್ಲು. ಬಟ್ಟಲ ಖಾಲಿ ಇತ್ತು.

"ಈಗ ಕುಡದ್ಲು, ಜಾಣಿ," ಅಂದ್ರು ಅತ್ತಿಯವರು.

ಹುಡುಗಿನ್ನ ಬಚ್ಚಲಕ್ಕ ಎಳಕೊಂಡು ಹೋಗಿ ಗಂಟಲಾಗ ಬೆರಳು ಹಾಕಿದೆ. ಆಕಿ ಒದರಿದ್ಲು, ನನ್ನ ಬೆರಳು ಕಡದ್ಲು. ಸ್ವಲ್ಪ ಹೊರಗ ಬಂತು. ಮಾವನೋರು ಗ್ವಾಡಿ ಹಿಡಕೊಂಡು ದೇವರ ಮನಿ ಬಾಗಲಕ್ಕ ಬಂದು ನಿಂತ್ರು. ಅತ್ತಿಯವರು ಕಲ್ಲು ಅವರ ಕೈಯಾಗ ಇಟ್ರು. ಅವರು ಕಣ್ಣಿಗೆ ಹತ್ತರ ಹಿಡದು ನೋಡಿದ್ರು, ಬೆರಳಿಲೆ ತಿಕ್ಕಿ ನೋಡಿದ್ರು.  ಹಂಗ ಕೆಳಗ ಕೂತುಬಿಟ್ರು.

ದವಾಖಾನಿಗೆ ಹೋಗೂದರಾಗ ಹುಡುಗಿ ಕುತ್ತಿಗಿ ನಿಲ್ಲಲಿಲ್ಲ. ರಿಕ್ಷಾದಾಗ ನನ್ನ ತೊಡಿ ಮ್ಯಾಲೆ ಮಲಗಿದ್ಲು, ಕಣ್ಣು ಮಾತ್ರ ತಗದು ನನ್ನ ನೋಡಲಿಕ್ಕೆ ಹತ್ತಿದ್ಲು. ಮಾವನೋರು ಉಳದ ಕಲ್ಲನ್ನ ಟಿಫಿನ್ ಡಬ್ಬ್ಯಾಗ ಹಾಕಿ ತಂದಿದ್ರು. ಕಾಂತೇಶ ಡಾಕ್ಟರ್ ಮುಂದ ಇಟ್ಟು, ಇದರಾಗ ಇಂತಿಷ್ಟು ಬೇರಿಯಂ ಅದ, ಮೊದಲಿನ ತೂಕ ಇಷ್ಟು, ಈಗ ಇಷ್ಟು ಇರಬೇಕು, ಉಳದದ್ದು ಹುಡುಗಿ ಹೊಟ್ಟ್ಯಾಗ ಹೋಗೇದ ಅಂತ ಪಾಠ ಒಪ್ಪಿಸೂಹಂಗ ಹೇಳಿದ್ರು. ಡಾಕ್ಟರ್ ಯಾರಿಗೋ ಫೋನ್ ಮಾಡಿದ್ರು. ಕೈ ಅಡ್ಡ ಇಟ್ಟು ಮಾತಾಡಿದ್ರೂ ನನಗ ಕೇಳಸತಿತ್ತು. ಜನ್ಮದಾಗ ಒಂದ ಕೇಸೂ ನೋಡಿಲ್ಲ ಅಂದ್ರು. ಎದಿಗೆ ತಂತಿ ಹಚ್ಚಿದ್ರು, ಪೊಟ್ಯಾಶಿಯಂ ಹಚ್ಚಿದ್ರು, ಮೂಗಿನ್ಯಾಗ ನಳಿಗಿ ಹಾಕಿ ಏನೋ ಉಪ್ಪಿನ ನೀರು ಬಿಟ್ರು. ಇಲ್ಲೆ ಆಗೂದಿಲ್ಲ, ಬೆಳಗಾವಿಗೆ ಒಯ್ಯಬೇಕು ಅಂದ್ರು. ಅಂಬುಲೆನ್ಸಿನ್ಯಾಗ ಡಾಕ್ಟರ್ ತಾವೂ ಹತ್ತಿದ್ರು.

ಬೆಳಗಾವ್ಯಾಗ ಗಾಜಿನ ಬಾಗಲ ಹೊರಗ ಬಾಕಿನ ಮ್ಯಾಲೆ ನಾವು ನಾಕು ಮಂದಿ. ನಮ್ಮವರು ಡ್ಯೂಟಿ ಬಟ್ಟಿ ಮ್ಯಾಲೆ ಬಂದಿದ್ರು. ಅವರಿಗೆ ಯಾರೂ ಇನ್ನೂ ಪೂರಾ ಹೇಳಿರಲಿಲ್ಲ. ಏನಾಗೇದ ಹುಡುಗಿಗೆ ಅಂತ ಕೇಳಿದ್ರು. ಮಾವನೋರ ಹೇಳಿದ್ರು. ಬೇರಿಯಂ ಮೈಯಾಗಿನ ಸ್ನಾಯು ಹಿಡಕೋತದ, ಮೊದಲು ಕಾಲು, ಆಮ್ಯಾಲೆ ಕೈ, ಕುತ್ತಿಗಿ, ಉಸಿರು. ಹೃದಯಾನೂ ಒಂದು ಸ್ನಾಯುನ ಅಂದ್ರು.

ನಮ್ಮವರು ಎದ್ದು ಗ್ವಾಡಿ ಕಡೆ ಮಾರಿ ಮಾಡಿ ನಿಂತ್ರು. ಅತ್ತಿಯವರು ಗಂಡನ ಕಡೆ ತಿರಗಿದ್ರು.

"ನಾ ನಿಮ್ಮನ್ನ ಕೇಳಿದ್ದೆ."

"ಕೇಳಿದ್ದಿ."

"ಹೂಂ ಅಂದ್ರಿ."

"ಅಂದೆ ಇಂದಿರಾ. ನೋಡದ ಅಂದೆ."

"ನಲವತ್ತೆಂಟು ವರ್ಷ ಆತು. ಯಾವತ್ತರೆ ನೋಡಿ ಅಂದೀರೇನು?"

ಮಾವನೋರು ಎರಡೂ ಕೈ ತೊಡಿ ನಡುವ ಒತ್ತಿ ಹಿಡಕೊಂಡ್ರು. ಒಳಗಿಂದ ಯಂತ್ರದ ಟಿಕ್ ಟಿಕ್ ಕೇಳತಿತ್ತು. ಅದು ಜರಾ ತಡಾ ಆದ್ರ ನಾವು ನಾಕೂ ಮಂದಿ ಒಮ್ಮೆಲೆ ಬಾಗಲ ಕಡೆ ನೋಡತಿದ್ವಿ. ಎರಡನೇ ದಿನ ಮುಂಜಾನೆ ಒಂದು ಸಲ ಅದು ಹುಚ್ಚುಹುಚ್ಚಾಗಿ ಬಡಕೊಂಡಿತು. ನರ್ಸಬಾಯಿಗೋಳು ಓಡಿದ್ರು, ಪರದಿ ಎಳದ್ರು. ಎಷ್ಟು ಹೊತ್ತು ಅಂತ ನನಗ ಗೊತ್ತಿಲ್ಲ. ಅತ್ತಿಯವರು ನನ್ನ ಕೈ ಹಿಡೀಲಿಕ್ಕೆ ಬಂದ್ರು. ನಾ ಕೈ ಎಳಕೊಂಡೆ.

ಮೂರನೇ ದಿನ ಶರ್ವರಿ ಎಡಗಾಲಿನ ಹೆಬ್ಬಟ್ಟು ಅಲ್ಲಾಡಿಸಿದ್ಲು. ಐದನೇ ದಿನ ನೀರು ಬೇಡಿದ್ಲು. ಬದುಕಿದ್ಲು. ಡಾಕ್ಟರ್, ವಿಷ ಏನಂತ ತಿಳೀದಿದ್ರ ಇಷ್ಟರಾಗ ಕೈ ಮೀರತಿತ್ತು ಅಂದ್ರು. ಅತ್ತಿಯವರ ರಕ್ತಾನೂ ನೋಡಿದ್ರು, ನಂದೂ ನೋಡಿದ್ರು. ಅವರದು ಜರಾ ಇಳದಿತ್ತು, ಎರಡು ದಿನ ಔಷಧ ಕೊಟ್ರು. ಕೈ ಸೋತು ಬರತಾವ ಅಂತ ಅವರು ಒಂದು ತಿಂಗಳಿಂದ ಅಂತಿದ್ರು, ವಯಸ್ಸಾತು ಅತ್ಯಾ ಅಂತ ನಾ ಅಂದಿದ್ದೆ.

ಊರಿಗೆ ಬಂದ ದಿನ ಅತ್ತಿಯವರು ಕೈಕಾಲು ತೊಳೀಲಿಲ್ಲ, ನೆಟ್ಟಗ ಕೃಷ್ಣವ್ವನ ಮನಿಗೆ ನಡದ್ರು. ಫೋನಿನ ಮ್ಯಾಲೆ ಎಂದೋ ತಿಳಿಸಿದ್ವಿ, ಆದ್ರೂ ಎದುರಿಗೆ ಹೋಗಿ ಹೇಳತೇನಿ ಅಂದ್ರು. ಕೊಟ್ಟಾಕಿ ನಾನು, ಹೇಳಾಕಿನೂ ನಾನ ಅಂದ್ರು. ಪುಣ್ಯಾ, ಕೃಷ್ಣವ್ವ ಒಂದು ಹನೀನೂ ಕುಡದಿದ್ದಿಲ್ಲ. ಗಣಪತಿ ಕೂಡೋ ದಿನ ಚೊಲೋ ಅಂತ ಬಾಟಲಿ ಜಗಲಿ ಮ್ಯಾಲೆ ಇಟ್ಟು ಊದಿನಕಡ್ಡಿ ಹಚ್ಚಿದ್ಲಂತ. ಅದನ್ನ ತಂದು ಮಾವನೋರ ಕೈಯಾಗ ಕೊಟ್ರು. ಅವರು ಬಾಟಲಿನ್ನ, ಉಳದ ಕಲ್ಲನ್ನ ಕಾಲೇಜಿನ ಲ್ಯಾಬಿನವರಿಗೆ ಕಳಿಸಿದ್ರು, ಹ್ಯಾಂಗ ಚೆಲ್ಲಬೇಕಂತ ಒಂದು ಚೀಟಿ ಬರಸಿ.

ಪುಸ್ತಕ ಬ್ಯಾಡ ಅಂದ್ರು ಮಾವನೋರು. ಸುಟ್ಟುಬಿಡೋಣು, ನನ್ನ ಹೆಸರಿನ ಮ್ಯಾಲೆ ಒಂದು ಅಕ್ಷರಾನೂ ಉಳೀಬಾರದು ಅಂದ್ರು. ನನಗ ಎಲ್ಲಿಲ್ಲದ ಸಿಟ್ಟು ಬಂತು. ಜನ್ಮದಾಗ ಮೊದಲನೇ ಸಲ ಮಾವನೋರ ಮುಂದ ದನಿ ಏರಿಸಿದೆ.

"ಆ ಒಂದು ಸಾಲು ನೀವು ಹೇಳದಿದ್ರ ನನ್ನ ಮಗಳು ಇವತ್ತು ಇರತಿದ್ದಿಲ್ಲ. ಪುಸ್ತಕ ಮುಗಸ್ರಿ. ಆ ಸಾಲು ಮೊದಲನೇ ಪುಟಕ್ಕ ಹಾಕರಿ, ಕಡೀಕ ಅಲ್ಲ."

ಹಾಕ್ಯಾರ. ಈಗ ದಿನಾ ಹನ್ನೊಂದಕ್ಕ ಮತ್ತ ಕೂಡತೇವಿ. ಯಾರರೆ ಏನರೆ ಕೇಳಿದ್ರ ಹೇಳೋದು ನಿಲ್ಲಿಸಿ, ಕನ್ನಡಕ ತಗದು ಒರಸಿ ಹಾಕಿಕೊಂಡು, ಏನಂದಿ, ಇನ್ನೊಮ್ಮೆ ಹೇಳು ಅಂತಾರ. ಹಾಲಿನವಾ ಬಂದಾನ ಅಂದ್ರೂ ಹಂಗ.

ದೇವರ ಮನ್ಯಾಗ ದೀಪ ಹಚ್ಚತಾರ ಅತ್ತಿಯವರು, ತೀರ್ಥ ಮಾತ್ರ ಇಲ್ಲ. ಶರ್ವರಿ ಸಾಲಿಗೆ ಹೊಂಟಾಳ. ಎಲ್ಲಾ ಮೊದಲಿನಂಗ ಅದ ಅಂತ ಹೇಳಬಹುದು, ಊಟಕ್ಕ ಕೂಡೂದೊಂದು ಬಿಟ್ಟು. ಬಂದ ದಿನ ಅತ್ತಿಯವರು ಹುಡುಗಿ ತಾಟಿಗೆ ಮೆತ್ತನ್ನ ಅನ್ನ, ತವ್ವಿ ಬಡಸಿದ್ರು. ಬಾಜೂಕ ನೀರಿನ ವಾಟೆ ಇಟ್ರು. ಶರ್ವರಿ ತಾಟು ನೋಡಿದ್ಲು, ಅಜ್ಜಿನ್ನ ನೋಡಿದ್ಲು, ಆಮ್ಯಾಲೆ ನನ್ನ ನೋಡಿದ್ಲು. ಕೈ ಮಾತ್ರ ತಾಟಿಗೆ ಹೋಗಲಿಲ್ಲ. ಉಣ್ಣು ಅಂತ ನಾ ಹೇಳಬೇಕಿತ್ತು. ನಾ ಆ ನೀರಿನ ವಾಟೆ ನೋಡತಾ ಕೂತೆ.

ಅತ್ತಿಯವರು ಅರ್ಥ ಮಾಡಕೊಂಡ್ರು. ಎಂಜಲು ಮುಸರಿ ಅಂತ ಜನ್ಮ ಪೂರ್ತಿ ಇನ್ನೊಬ್ಬರ ತಾಟು ಮುಟ್ಟದಾಕಿ, ಆ ತಾಟಿನಿಂದ ಒಂದು ತುತ್ತು ಎತ್ತಿ ತಮ್ಮ ಬಾಯಿಗೆ ಹಾಕಿಕೊಂಡ್ರು. ವಾಟೆದಾಗಿನ ನೀರು ಎರಡು ಗುಟುಕು ಕುಡದ್ರು. ಕೈ ತೊಡಿ ಮ್ಯಾಲೆ ಇಟ್ಟುಕೊಂಡು ಕೂತ್ರು. ನಾವೆಲ್ಲಾ ಅವರ ಮಾರಿ ನೋಡತಾ ಕೂತ್ವಿ. ಗಡಿಯಾರದಾಗ ಐದು ಮಿನಿಟು ಆದ ಮ್ಯಾಲೆ ಹುಡುಗಿ ಉಣ್ಣಲಿಕ್ಕೆ ಹತ್ತಿದ್ಲು.

ಅವತ್ತಿನಿಂದ ಎರಡೂ ಹೊತ್ತು ಹಿಂಗ ನಡದದ. ಯಾರೂ ಮಾಡರಿ ಅಂತ ಹೇಳಿಲ್ಲ, ಅವರ ಮಾಡತಾರ. ಹುಡುಗಿ ತಾಟಿನಿಂದ ಒಂದು ತುತ್ತು, ವಾಟೆಯಿಂದ ಎರಡು ಗುಟುಕು. ಅನ್ನ ಆರತದ, ನಾವು ಕಾಯತೇವಿ. ಸಾಕು ಬಿಡ್ರಿ ಅತ್ಯಾ ಅಂತ ಹೇಳಬೇಕಾದಾಕಿ ನಾನು, ಗದ್ದ ಹಿಡದು ಕುಡಿಸಿದಾಕಿ ನಾನ. ಒಂದು ತಿಂಗಳಾತು, ಇನ್ನೂ ಹೇಳಿಲ್ಲ.